ವಿಮಾನ ಹಾದುಹೋದ ಶಾಟ್

ಎರಡು ವರ್ಷದ ಹಿಂದಿನ ಮಾತು. ಸಣ್ಣ ಬಜೆಟ್ಟಿನ ಸ್ವತಂತ್ರ ಸಿನಿಮಾಗಳಿಗೆ ಎಲೆಕ್ಟ್ರಾನಿಕ್ ಹಿನ್ನೆಲೆ ಸಂಗೀತ ಮಾಡುವುದು ನನ್ನ ವೃತ್ತಿ. ವಿದ್ಯಾರಣ್ಯಪುರದ ನಮ್ಮ ಮನೆಯ ಮಹಡಿ ಕೋಣೆಯೇ ಸ್ಟುಡಿಯೋ. ನಾನು ಹಾಡು ಕಟ್ಟುವವನಲ್ಲ. ಸಿಂಥಸೈಜರ್‌ನಲ್ಲಿ ಉದ್ದನೆಯ ನಾದಗಳನ್ನು ಒಂದರ ಮೇಲೊಂದು ಹಾಸಿ ದೃಶ್ಯದ ಸುತ್ತ ಒಂದು ವಾತಾವರಣ ಕಟ್ಟುತ್ತೇನೆ. ನಮ್ಮ ಸೋದರಮಾವ ಇದನ್ನು ಫ್ರಿಜ್ಜಿನ ಸದ್ದು ಎನ್ನುತ್ತಾರೆ. ಅನ್ನಲಿ, ನನಗಂತೂ ಈ ಕೆಲಸದ ಬಗ್ಗೆ ಹೆಮ್ಮೆಯೇ.

ಆ ವರ್ಷ ಶೈಲಜಾ ಎಂಬ ನಿರ್ದೇಶಕಿ ತಮ್ಮ ಮೊದಲ ಚಿತ್ರ ತಂದರು. ಮಾತು ಬಿಟ್ಟ ತಂಗಿಗೆ ಫೋನ್ ಮಾಡಲೋ ಬೇಡವೋ ಎಂದು ಒದ್ದಾಡುವ ಹೆಂಗಸಿನ ಕಥೆ. ಪಾತ್ರ ಮಾಡಿದ ಜಯಮ್ಮ ಶೂಟಿಂಗ್ ನಡೆದ ಯಲಹಂಕದಲ್ಲೇ ಹುಟ್ಟಿ ಬೆಳೆದವರು, ಕ್ಯಾಮೆರಾ ಎದುರು ನಿಂತದ್ದು ಅದೇ ಮೊದಲು. ಕೊನೆಯ ಶಾಟ್‌ನಲ್ಲಿ ಅವರು ಜಗಲಿಯಲ್ಲಿ ಕೂತು ಫೋನ್ ಎತ್ತಿಕೊಂಡು, ತಲೆಯೆತ್ತಿ ಸುಮ್ಮನಿದ್ದು, ಆಮೇಲೆ ನಂಬರ್ ಒತ್ತುತ್ತಾರೆ. ಎಡಿಟಿಂಗ್ ಹಂತದಲ್ಲಿ ನೋಡಿದವರೆಲ್ಲ ಈಕೆ ಯಾಕೆ ಮೇಲೆ ನೋಡಿದಳು ಎಂದು ಕೇಳಿದ್ದರಂತೆ.

ಎಡಿಟಿಂಗ್ ಮಾಡುವಾಗ ಬೇರೆ ಸಿನಿಮಾದ ಸಂಗೀತವನ್ನು ತಾತ್ಕಾಲಿಕವಾಗಿ ಹಾಕಿಕೊಳ್ಳುವುದು ನಮ್ಮಲ್ಲಿ ರೂಢಿ. ಅದಕ್ಕೆ ಟೆಂಪ್ ಎನ್ನುತ್ತೇವೆ. ಕೇಳಿ ಕೇಳಿ ನಿರ್ದೇಶಕರು ಅದಕ್ಕೇ ಮರುಳಾಗುತ್ತಾರೆ. ಶೈಲಜಾಗೂ ಆ ಕೊನೆಯ ಶಾಟ್‌ಗೆ ಟೆಂಪಿನಂಥದ್ದೇ ಬೇಕಿತ್ತು. ನಾನು ಮಾಡಿದ್ದೆಲ್ಲ ವಾಪಸ್ ಬಂತು. ನನಗೆ ಮೂಗಿನ ತುದಿಯಲ್ಲೇ ಕೋಪ. ನಕಲು ಮಾಡುವವರು ಬೇರೆ ಸಿಗುತ್ತಾರೆ, ಹುಡುಕಿಕೊಳ್ಳಿ ಎಂದುಬಿಟ್ಟೆ.

ಅವರು ದನಿ ಏರಿಸಲಿಲ್ಲ. "ಆ ಶಾಟ್ ಬಿದ್ರೆ ನನ್ ಸಿನಿಮಾನೇ ಬಿತ್ತು ಸರ್. ಮತ್ತೆ ಶೂಟ್ ಮಾಡೋಣ ಅಂದ್ರೆ ಆ ಮನೇನೇ ಒಡೆದುಹಾಕಿದ್ದಾರೆ."

ನನ್ನ ಕೋಪ ಇಳಿಯಿತು. ಟೆಂಪ್ ತೆಗೆದು ಶೂಟಿಂಗ್ ಜಾಗದ ಮೂಲ ಸದ್ದು ಹಾಕಿ ಎಂದೆ. ಅವರು ಹಿಂದೆಮುಂದೆ ನೋಡಿದರು. ವಾಯುನೆಲೆಯ ವಿಮಾನವೊಂದು ಶಾಟ್ ಮಧ್ಯೆಯೇ ಹಾದುಹೋಗಿತ್ತಂತೆ. ಆ ಸದ್ದು ಮುಚ್ಚಲೆಂದೇ ಟೆಂಪ್ ಹಾಕಿದ್ದರು.

ಕೇಳಿದೆ. ವಿಮಾನ ಬಂತು, ಜಯಮ್ಮ ಕೈ ತಡೆದರು, ಸದ್ದು ದೂರವಾದ ಮೇಲೆ ನಂಬರ್ ಒತ್ತಿದರು. ಯಲಹಂಕದವರಿಗೆ ಇದು ಅಭ್ಯಾಸ. ತಲೆ ಮೇಲೆ ವಿಮಾನ ಬಂದರೆ ಮಾತು ಅಲ್ಲೇ ನಿಲ್ಲಿಸಿ, ಹೋದ ಮೇಲೆ ಅಲ್ಲಿಂದಲೇ ಮುಂದುವರಿಸುತ್ತಾರೆ. ನಟನೆ ಬಾರದ ಹೆಂಗಸು ಅಲ್ಲಿ ಬದುಕಿಬಿಟ್ಟಿದ್ದರು, ನಾವು ಅದನ್ನೇ ಮುಚ್ಚುತ್ತಿದ್ದೆವು.

ವಿಮಾನವನ್ನು ಉಳಿಸಿಕೊಂಡೆ. ಅದರ ಗುಂಯ್ ಸದ್ದಿನ ಶ್ರುತಿ ಹಿಡಿದು, ಅದೇ ಶ್ರುತಿಯಲ್ಲಿ ಸಿಂಥ್ ನಾದವನ್ನು ಅಡಿಯಿಂದ ಎಬ್ಬಿಸಿದೆ. ವಿಮಾನ ಹೋದ ಮೇಲೂ ನಾದ ನಿಂತಿತ್ತು. ಜಯಮ್ಮ ನಂಬರ್ ಒತ್ತುವಾಗ ಅದೂ ಕರಗಿತು. ಶೈಲಜಾ ಆ ಶಾಟನ್ನು ಇನ್ನೊಮ್ಮೆ ಹಾಕಿಸಿ ನೋಡಿದರು.

"ಇನ್ನು ಟೆಂಪ್ ಬೇಡ ಸರ್," ಎಂದರು.

ಮೊದಲ ಪ್ರದರ್ಶನದಲ್ಲಿ ಚಿತ್ರ ಮುಗಿದರೂ ಜನ ಎದ್ದಿರಲಿಲ್ಲ. ಯಾಕೆ ಮೇಲೆ ನೋಡಿದಳು ಎಂದು ಯಾರೂ ಕೇಳಲಿಲ್ಲ. ಜಯಮ್ಮ ಸೆರಗಲ್ಲಿ ಕಣ್ಣೊರೆಸಿಕೊಳ್ಳುತ್ತ ನನ್ನ ಬಳಿ ಬಂದರು.

"ಕೊನೇಲಿ ನಂಗೇ ಅಳು ಬಂತು ಸಾರ್. ಅಲ್ ಯಾಕೆ ನೀವು ಮ್ಯೂಸಿಕ್ಕೇ ಹಾಕಿಲ್ಲ?"

ಹಾಕಿದ್ದೇನಮ್ಮ ಎನ್ನಲು ಹೋದವನು ಸುಮ್ಮನೆ ಕೈ ಮುಗಿದೆ. ದೃಶ್ಯದಲ್ಲಿ ಆಗಲೇ ಇರುವುದನ್ನು ಕೇಳಿಸಿಕೊಳ್ಳದೆ ಕೀಬೋರ್ಡ್ ಮುಟ್ಟಬಾರದು ಎಂದು ನನಗೆ ಕಲಿಸಿದ್ದು ಆ ಶಾಟ್. ಪ್ರಶಸ್ತಿ ಬಂದರೆ ಬೇಡ ಎನ್ನುವವನಲ್ಲ ನಾನು. ಆದರೆ ಜಯಮ್ಮನ ಆ ಪ್ರಶ್ನೆಯನ್ನು ಮೀರಿಸುವಂಥದ್ದು ಇನ್ನೂ ಬಂದಿಲ್ಲ.