ಪರದೆಯ ಮೇಲೆ ಮುರಿಗೆಪ್ಪ

ಲಂಡನ್ನಿನ ಹೌನ್ಸ್ಲೋದ ಮುರಿಗೆಪ್ಪ ಎಷ್ಟೋ ಸಿನಿಮಾಗಳಲ್ಲಿ ಪಾರ್ಟು ಮಾಡಿದ್ದ. ನೀವು ನೋಡಿಲ್ಲವೇ? ಯಾರೂ ನೋಡಿಲ್ಲ ಬಿಡಿ! ಒಂದರಲ್ಲಿ ಅವನ ಬೆನ್ನು, ಇನ್ನೊಂದರಲ್ಲಿ ಟ್ರೇ ಹಿಡಿದ ಕೈ, ಮತ್ತೊಂದರಲ್ಲಿ ನಾಯಕನ ಹಿಂದೆ ಮಸುಕಾಗಿ ಹಾದುಹೋಗುವ ಕೋಟು. ಊರಲ್ಲಿದ್ದಾಗ ಗದಗಿನ ಕಡೆಯ ನಾಟಕ ಕಂಪನಿಯಲ್ಲಿ ಭರ್ಜಿ ಹಿಡಿದ ದ್ವಾರಪಾಲಕ. ಲಂಡನ್ನಿಗೆ ಬಂದು ವಿಮಾನದ ಊಟ ಕಟ್ಟುವ ಕಾರ್ಖಾನೆ ಸೇರಿದರೂ ಬಣ್ಣದ ಹುಚ್ಚು ಬಿಡಲಿಲ್ಲ. ರಜೆ ಸಿಕ್ಕರೆ ಸಾಕು, ಟ್ಯೂಬ್ ರೈಲು ಹತ್ತಿ ಶೂಟಿಂಗಿಗೆ ಓಟ. ಹುಟ್ಟುಗುಣ ಸುಟ್ಟರೂ ಹೋಗದು.

ಹೆಂಡತಿ ಚಂದ್ರವ್ವ ಪ್ರತಿ ಸಿನಿಮಾಕ್ಕೂ ಇಳಕಲ್ ಸೀರೆ ಉಟ್ಟು ಹೋಗುತ್ತಿದ್ದಳು, ಮುಖ ಸಣ್ಣದು ಮಾಡಿಕೊಂಡು ಬರುತ್ತಿದ್ದಳು. 1998ರಲ್ಲಿ ಸಕ್ಕರೆ ಕಾಯಿಲೆ ಅವಳ ಬಲಗಣ್ಣನ್ನು ತಿಂದುಹಾಕಿತು. ಎಡಗಣ್ಣೂ ಬಹಳ ದಿನ ಉಳಿಯುವುದಿಲ್ಲ ಎಂದರು ಆಸ್ಪತ್ರೆಯವರು.

“ಕಣ್ಣು ಪೂರಾ ಹೋಗೂದ್ರಾಗ ಒಮ್ಮೆ ನಿಮ್ಮ ಮಾರಿ ಪರದೇ ಮ್ಯಾಲ ನೋಡಬೇಕ್ರಿ,” ಎಂದಳು. ಬೇರೇನೂ ಕೇಳಲಿಲ್ಲ, ಪುಣ್ಯಾತ್ಗಿತ್ತಿ.

ಆ ವರ್ಷವೇ ಅವನಿಗೆ ಹೆಣದ ಪಾರ್ಟು ಸಿಕ್ಕಿತು. ಬಾಡಿಗೆ ಕೋಣೆಯಲ್ಲಿ ಒಂಟಿಯಾಗಿ ಸತ್ತ ಮುದುಕ. ಡಾಕ್ಟರು ಬಂದು ಎದೆ ಮುಟ್ಟಿ ನೋಡುತ್ತಾನೆ. ಮುಖ ಪರದೆ ತುಂಬ ಬರುತ್ತದೆ ಎಂದರು. ಹೆಣವಾದರೇನು, ಮುಖ ಮುಖವೇ! ಮುರಿಗೆಪ್ಪ ಅಂಗಿ ಬಿಚ್ಚಿ ಮಂಚದ ಮೇಲೆ ಮಲಗಿದ. ಮೇಕಪ್ಪಿನ ಹುಡುಗಿ ಅವನ ಕೊರಳಲ್ಲಿದ್ದ ಬೆಳ್ಳಿಯ ಕರಡಿಗೆಯನ್ನು ತೋರಿಸಿ, ಇದು ಹೊಳೆಯುತ್ತದೆ, ತೆಗೆಯಿರಿ ಎಂದಳು.

ಕರಡಿಗೆಯೊಳಗೆ ಇಷ್ಟಲಿಂಗ. ಚಿಕ್ಕಂದಿನಲ್ಲಿ ಅಯ್ಯನವರು ಕಟ್ಟಿದ್ದು. ಪೂಜೆಗೆಂದು ಅಂಗೈಗೆ ಬಂದರೂ ಮೈ ಬಿಟ್ಟಿರಲಿಲ್ಲ. ಲಿಂಗ ಮೈ ಬಿಟ್ಟರೆ ಜೀವ ಬಿಟ್ಟಂತೆ, ಸತ್ತರೂ ಅದರೊಂದಿಗೇ ಮಣ್ಣಿಗೆ ಹೋಗಬೇಕು ಎಂದು ನಂಬಿ ಬೆಳೆದವನು. ಆಗುವುದಿಲ್ಲ ಎಂಬ ಮಾತು ನಾಲಿಗೆಯ ತುದಿಗೆ ಬಂತು. ಆದರೆ ಅತ್ತ ಬಾಗಿಲ ಬಳಿ ಇನ್ನೊಬ್ಬ ಮುದುಕ ಅದೇ ಪಾರ್ಟಿಗೆ ಕಾದು ಕೂತಿದ್ದ, ಇತ್ತ ಮನೆಯಲ್ಲಿ ಚಂದ್ರವ್ವನ ಎಡಗಣ್ಣು. ಮುರಿಗೆಪ್ಪ ದಾರ ಬಿಚ್ಚಿ ಕರಡಿಗೆಯನ್ನು ಕೋಟಿನ ಕಿಸೆಯಲ್ಲಿಟ್ಟ. ಶೂಟಿಂಗ್ ಮುಗಿದೊಡನೆ ಕಟ್ಟಿಕೊಂಡ. ಮನೆಯಲ್ಲಿ ಹೇಳಲಿಲ್ಲ.

ಮರುವರ್ಷ ಸಿನಿಮಾ ಬಂತು. ಗಂಡಹೆಂಡತಿ ಮುಂದಿನ ಸಾಲಿನಲ್ಲೇ ಕೂತರು. ಮಂಚ ಬಂತು, ಡಾಕ್ಟರನ ಕೈ ಬಂತು, ಪರದೆ ತುಂಬ ಬರಿಗೊರಳು, ಬರಿಯ ಎದೆ. ಅಷ್ಟೇ. ಮುಖವನ್ನು ಕತ್ತರಿಸಿ ಎಸೆದಿದ್ದರು, ಹಾಳಾದವರು! ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ.

ಆದರೆ ಆ ಎದೆಯ ಮೇಲಿನ ಮಚ್ಚೆಯನ್ನು ಚಂದ್ರವ್ವನ ಒಂಟಿಗಣ್ಣು ಗುರುತಿಸಿತು. ಕತ್ತಲಲ್ಲಿ ಅವನ ಮೊಣಕೈ ಹಿಡಿದಳು.

“ಕೊಳ್ಳಾಗ ಲಿಂಗ ಎಲ್ಲೈತ್ರಿ?”

ಮುರಿಗೆಪ್ಪ ಅಂಗಿಯ ಮೇಲಿಂದಲೇ ಕರಡಿಗೆಯನ್ನು ಮುಚ್ಚಿ ಹಿಡಿದ.

“ನನ್ನ ಸಲುವಾಗಿ ತಗದ್ರೇನು?”

ಅವಳು ಬಸ್ಸಿನಲ್ಲಿ ಮನೆ ಮುಟ್ಟುವ ತನಕ ಅತ್ತಳು.

ಬೇಸಿಗೆಯ ಹೊತ್ತಿಗೆ ಎಡಗಣ್ಣೂ ಹೋಯಿತು. ಪರದೆಯ ಮೇಲೆ ಅವಳು ಕಡೆಯದಾಗಿ ಕಂಡದ್ದು ಗಂಡನ ಬರಿಗೊರಳನ್ನೇ. ಮುರಿಗೆಪ್ಪ ಮತ್ತೆ ಶೂಟಿಂಗಿನ ಕಡೆ ತಲೆ ಹಾಕಲಿಲ್ಲ. ದಿನಾ ಬೆಳಿಗ್ಗೆ ಅವನೇ ಚಹಾ ಮಾಡಿ ತರುತ್ತಿದ್ದ. ಚಂದ್ರವ್ವ ಕೂಡಲೇ ಕಪ್ಪು ಹಿಡಿಯುತ್ತಿರಲಿಲ್ಲ. ಮೊದಲು ಕೈ ಚಾಚಿ ಅವನ ಕೊರಳು ತಡವುತ್ತಿದ್ದಳು, ದಾರದ ಗುಂಟ ಬೆರಳು ಇಳಿಸಿ ಕರಡಿಗೆಯನ್ನು ಮುಟ್ಟುತ್ತಿದ್ದಳು.

“ಐತಿ,” ಎನ್ನುತ್ತಿದ್ದಳು. ಆಮೇಲೆಯೇ ಚಹಾ ಕುಡಿಯುತ್ತಿದ್ದಳು.