ದಾರಿಯ ಮೇಲೆ ಮೊಳೆತ ರಾಗಿ

ಗಡಿಯಾಚೆ ತಮಿಳುನಾಡಿನ ಬಾಗಲೂರು ಕಡೆಯ ಗಂಗರತ್ನಮ್ಮನನ್ನು ಊರು ಹಟಮಾರಿ ಎಂದು ಕರೆಯುತ್ತದೆ. ಕರೆಯಲಿ ಬಿಡಿ. ಗಂಡ ತೀರಿಕೊಂಡ ಮೇಲೆ ಟೊಮೇಟೊ ಬೆಳೆದು ಇಬ್ಬರು ಹೆಣ್ಣುಮಕ್ಕಳನ್ನು ದಡ ಸೇರಿಸಿದವಳು. ಹಟವಿಲ್ಲದೆ ಆಗುವ ಕೆಲಸವೇ ಅದು? ಅವಳ ಹೊಲಕ್ಕಿದ್ದುದು ಒಂದೇ ಗಾಡಿದಾರಿ, ಅದೂ ಗಂಡನ ಅಣ್ಣ ದೊಡ್ಡವೆಂಕಟಪ್ಪನ ಹೊಲದ ನಡುವೆ. ಮನಸ್ತಾಪ ಬಂದದ್ದೇ ತಡ, ಆತ ಅಲ್ಲಿ ಕಲ್ಲುಕಂಬ ನೆಟ್ಟ. ಅವಳು ಬುಟ್ಟಿ ತಲೆಯ ಮೇಲಿಟ್ಟು ಕೆರೆ ಸುತ್ತಿ ಹೊತ್ತಳು. ಅರ್ಧ ಹಣ್ಣು ಹೊಲದಲ್ಲೇ ಕೊಳೆಯಿತು. ಕೊನೆಗೆ ಹೊಸೂರಿನ ಕೋರ್ಟಿಗೆ ಹೋದಳು. ದಾರಿಗೆ ಅಡ್ಡಿ ಮಾಡಕೂಡದು ಎಂದು ಆಜ್ಞೆಯಾಯಿತು.

ದೊಡ್ಡವೆಂಕಟಪ್ಪ ಕಲ್ಲು ಕಿತ್ತ. ಕಿತ್ತ ಜಾಗವನ್ನು ಉತ್ತು ರಾಗಿ ಚೆಲ್ಲಿದ. ಮಹಾ ಬುದ್ಧಿವಂತ! ಬೇಲಿಯಿಲ್ಲ, ಬೀಗವಿಲ್ಲ, ಆದರೆ ಮೊಳೆತ ಪೈರಿನ ಮೇಲೆ ಆ ಸೀಮೆಯಲ್ಲಿ ಯಾರು ಕಾಲಿಡುತ್ತಾರೆ? ಗಂಗರತ್ನಮ್ಮ ಬುಟ್ಟಿ ಹೊತ್ತು ಮತ್ತೆ ಕೆರೆ ಸುತ್ತಿದಳು. ಕೋರ್ಟಿನ ಆಜ್ಞೆ ಮೀರಿದ್ದಾನೆಂದು ಅವಳ ವಕೀಲ ಅಂಬರೀಶ್ ಅರ್ಜಿ ಹಾಕಿದ. ಸಾಬೀತಾದರೆ ಜೈಲೂ ಆಗಬಹುದು ಎಂದ.

ವಿಚಾರಣೆಯ ದಿನ ದೊಡ್ಡವೆಂಕಟಪ್ಪ ತಾನೇನೂ ಅಡ್ಡ ಇಟ್ಟಿಲ್ಲ ಎಂದು ಸಾಧಿಸಿದ. ಬೇಲಿಯೇ ಇಲ್ಲವಲ್ಲ, ನೀವು ಯಾಕೆ ನಡೆದು ಹೋಗಲಿಲ್ಲ ಎಂದು ಜಡ್ಜ್ ಗಂಗರತ್ನಮ್ಮನನ್ನು ತಮಿಳಿನಲ್ಲಿ ಕೇಳಿದರು.

"ಪೈರು ತುಳಿಯಾಕಾಗ್ತದಾ ಸ್ವಾಮಿ? ನಮ್ ಭಾವನ್ನೇ ಕೇಳಿ. ಅವರು ತುಳೀತಾರಾ?"

ಅಂಬರೀಶ್ ಅದನ್ನು ತಮಿಳಿನಲ್ಲಿ ಹೇಳಿದ. ಜಡ್ಜ್ ಅದೇ ಪ್ರಶ್ನೆಯನ್ನು ದೊಡ್ಡವೆಂಕಟಪ್ಪನಿಗೆ ಹಾಕಿದರು. ಸುಳ್ಳು ಹೇಳಬಹುದಿತ್ತು. ಆತ ತಲೆ ತಗ್ಗಿಸಿ "ಇಲ್ಲ" ಎಂದ. ಮುಂದಿನ ವಾಯಿದೆಯೊಳಗೆ ದಾರಿ ಬಿಡದಿದ್ದರೆ ಜೈಲು ಎಂದಾಯಿತು.

ಮಾರನೆಯ ದಿನ ಆತ ಟ್ರ್ಯಾಕ್ಟರ್ ತಂದು ಪೈರಿನ ಮುಂದೆ ನಿಲ್ಲಿಸಿದ. ಚಕ್ರ ಹತ್ತಿಸಲು ಕೈ ಬರಲಿಲ್ಲ, ಸುಮ್ಮನೆ ಕೂತುಬಿಟ್ಟ. ಕೂತಿರಲಿ, ಅನುಭವಿಸಲಿ ಎಂದುಕೊಂಡಳು ಗಂಗರತ್ನಮ್ಮ. ಸ್ವಲ್ಪ ಹೊತ್ತಿಗೆ ಸೆರಗು ಸಿಕ್ಕಿಸಿಕೊಂಡು ಬಂದಳು.

"ಇಳೀರಿ ಭಾವ. ಕಿತ್ತು ಆ ಮೂಲೇಲಿ ನಾಟಿ ಹಾಕಾನ. ಮಳೆ ಬಿದ್ದೈತೆ, ಬದುಕ್ಕಂತದೆ."

"ನಿಂಗ್ಯಾಕಮ್ಮ ಈ ಕೆಲ್ಸ?"

"ಪೈರೇನು ಮಾಡ್ತು, ಪಾಪ. ನಾನು ಕೋರ್ಟಿಗೆ ಎಳ್ದಿದ್ದು ನಿಮ್ಮನ್ನ."

ಸಂಜೆಯೊಳಗೆ ದಾರಿ ಬರಿದಾಯಿತು. ಬೆಳಗ್ಗೆ ಅವಳು ಗಾಡಿ ತುಂಬ ಟೊಮೇಟೊ ಹೇರಿಕೊಂಡು ಅದೇ ದಾರಿಗೆ ಇಳಿದಳು. ಅಂಚಿನಲ್ಲಿ ಒಂದು ಪೈರು ಕೀಳದೆ ಉಳಿದುಬಿಟ್ಟಿತ್ತು. ಬದುವಿನ ಮೇಲೆ ನಿಂತಿದ್ದ ದೊಡ್ಡವೆಂಕಟಪ್ಪ ಅದನ್ನು ಕಂಡ. ಹೇಳೋಣವೆಂದರೆ ಯಾವ ಮುಖವಿಟ್ಟುಕೊಂಡು ಹೇಳುವುದು? ಗಂಗರತ್ನಮ್ಮ ಆಗಲೇ ಎತ್ತುಗಳನ್ನು ಪಕ್ಕಕ್ಕೆ ಎಳೆದಿದ್ದಳು.