ತೂಗುತ್ತಿದ್ದ ಕಾರು, ಅಪ್ಪನ ಪಾದ

ಆ ವರ್ಷ ನಮ್ಮ ಕಾರು ತೂಗುತ್ತಿತ್ತು. ರಸ್ತೆಯ ಉಬ್ಬು ದಾಟಿದ ಮೇಲೆ ಒಮ್ಮೆ ಏರಿ ಇಳಿದು ಸುಮ್ಮನಾಗಬೇಕಾದದ್ದು ಇನ್ನೊಮ್ಮೆ ಏರುತ್ತಿತ್ತು, ಮತ್ತೊಮ್ಮೆ ಇಳಿಯುತ್ತಿತ್ತು, ಆಮೇಲೂ ಸಣ್ಣಗೆ ಓಲಾಡುತ್ತಲೇ ಮುಂದೆ ಹೋಗುತ್ತಿತ್ತು. ನನಗೆ ಅದು ಕೆಟ್ಟದ್ದು ಎಂದು ಅನ್ನಿಸಿರಲಿಲ್ಲ. ನಿಜ ಹೇಳಬೇಕೆಂದರೆ ಇಷ್ಟವೇ ಆಗಿತ್ತು.

ನಾನು ಚನ್ನಪಟ್ಟಣದಲ್ಲಿ ಬೊಂಬೆ ಮಾಡುವವಳು. ವಾರದ ಆರು ದಿನ ಲೇತ್ ಮುಂದೆ ಕೂತು ಹಾಲೆಮರದ ತುಂಡುಗಳನ್ನು ಉಳಿಯಿಂದ ತಿದ್ದುತ್ತೇನೆ, ತಿರುಗುತ್ತಿರುವ ಮರಕ್ಕೆ ಅರಗಿನ ಬಣ್ಣ ಒತ್ತುತ್ತೇನೆ. ಸಂಜೆ ಎದ್ದು ನಿಂತರೂ ಕಣ್ಣೊಳಗೆ ಕೆಂಪು, ಹಳದಿ ಸುತ್ತುತ್ತಲೇ ಇರುತ್ತವೆ. ಹಾಗಾಗಿ ಭಾನುವಾರ ಬೆಳಿಗ್ಗೆ ಅಪ್ಪ ಅವ್ವನನ್ನು ಕೂರಿಸಿಕೊಂಡು ಹೊರಟಾಗ, ಸುತ್ತುವುದು ನಿಂತು ತೂಗುವುದು ಶುರುವಾಗಿ, ಮೈಯೆಲ್ಲ ಹಗುರಾಗುತ್ತಿತ್ತು. ಹಿಂದಿನ ಸೀಟಿನಲ್ಲಿ ಅವ್ವ ಸೆರಗು ಹೊದ್ದು ಕೂತವಳು ಊರು ದಾಟುವ ಮೊದಲೇ ನಿದ್ದೆ ಹೋಗುತ್ತಿದ್ದಳು. ನನ್ನ ಗಂಡನಿಗೆ ಹಾರೋಹಳ್ಳಿಯ ಕಾರ್ಖಾನೆಯಲ್ಲಿ ಭಾನುವಾರವೂ ಶಿಫ್ಟ್ ಇರುತ್ತಿದ್ದುದರಿಂದ ಈ ತಿರುಗಾಟದಲ್ಲಿ ಇದ್ದವರು ನಾವು ಮೂವರೇ.

ಎಲ್ಲಿಗೆ ಹೋಗಬೇಕೆಂದು ಹೇಳುತ್ತಿದ್ದವನು ಅಪ್ಪ. ಒಂದು ವಾರ ರಾಮನಗರದ ಮೇಲೆ ಮಾಗಡಿ, ಇನ್ನೊಂದು ವಾರ ಕನಕಪುರ. ಅವೆಲ್ಲ ಅವನು ಸರ್ವೀಸಿನುದ್ದಕ್ಕೂ ಬಸ್ ಓಡಿಸಿದ ದಾರಿಗಳು. ಯಾವ ತಿರುವಿನಲ್ಲಿ ಯಾವ ಮರ ಇತ್ತು, ಯಾವ ಸ್ಟಾಪಿನಲ್ಲಿ ಯಾರು ಹಾಲಿನ ಕ್ಯಾನು ಹತ್ತಿಸುತ್ತಿದ್ದರು, ಎಲ್ಲವನ್ನೂ ಮೆಲ್ಲಗೆ ಹೇಳುತ್ತಾ ಬರುವನು. ಕಿಟಕಿಯಾಚೆ ರಾಮನಗರದ ಬಂಡೆಗಳು ಮಂಜು ಹೊದ್ದು ಇನ್ನೂ ಎದ್ದಿರದ ಜನರ ಹಾಗೆ ಮಲಗಿರುತ್ತಿದ್ದವು. ಹಿಪ್ಪುನೇರಳೆ ತೋಟಗಳ ಮೇಲೆ ಬಿಸಿಲು ಬಿದ್ದಿದೆಯೋ ಇಲ್ಲವೋ ಎಂಬಷ್ಟೇ ಇರುತ್ತಿತ್ತು. ಅಪ್ಪನ ಮಾತು, ಅವ್ವನ ಉಸಿರು, ಕಾರಿನ ಓಲಾಟ ಇವೆಲ್ಲ ಒಂದರೊಳಗೊಂದು ಕರಗಿ, ನಾನು ಓಡಿಸುತ್ತಿದ್ದೇನೋ ಯಾರೋ ನನ್ನನ್ನು ತೇಲಿಸಿಕೊಂಡು ಹೋಗುತ್ತಿದ್ದಾರೋ ತಿಳಿಯುತ್ತಿರಲಿಲ್ಲ.

ಆದರೆ ಅಪ್ಪನಿಗೆ ನನ್ನ ಡ್ರೈವಿಂಗ್ ಹಿಡಿಸುತ್ತಿರಲಿಲ್ಲ.

ಕಾರು ಅವನದೇ. ಅವನು ನಿವೃತ್ತನಾದಾಗ ಕೊಂಡ ಸೆಕೆಂಡ್ ಹ್ಯಾಂಡ್ ಗಾಡಿ. ಎರಡು ವರ್ಷದ ಹಿಂದೆ ಒಂದು ದಿನ ಇದ್ದಕ್ಕಿದ್ದಂತೆ ಬೀಗದ ಕೈಯನ್ನು ನನ್ನ ಮುಂದಿಟ್ಟು, "ಕಣ್ಣು ಮಂಜಾಯ್ತು ಕಣವ್ವ, ಇನ್ಮೇಲೆ ನೀನೇ ಓಡ್ಸು" ಅಂದಿದ್ದ. ನಾನು ನಲವತ್ತು ದಾಟಿದ ಮೇಲೆ ಸ್ಟೇರಿಂಗ್ ಹಿಡಿಯಲು ಕಲಿತವಳು. ಅವನು ಪಕ್ಕದಲ್ಲಿ ಕೂತರೆ ಪರೀಕ್ಷೆಗೆ ಕೂತ ಹಾಗಾಗುತ್ತಿತ್ತು.

"ಬ್ರೇಕ್ ಮ್ಯಾಲೆ ನಿಂತ್ಕಬ್ಯಾಡ, ಒಸಿ ಒಸಿ ಒತ್ತು. ನೋಡು, ಮೂತಿ ಎಂಗೆ ನೆಲಕ್ಕೆ ಊರ್ತದೆ!"

"ಮೆಲ್ಲಗೇ ಒತ್ತಿದ್ದು ಅಪ್ಪಾ."

"ಮೆಲ್ಲಗೆ ಒತ್ತಿದ್ರೆ ಯಾಕ್ ಮುಗ್ಗರಿಸ್ತದೆ? ನಾನು ಓಡಿಸ್ತಿದ್ದಾಗ ಬಸ್ಸೇ ಇಂಗೆ ಕುಣೀತಿರ್ಲಿಲ್ಲ."

ಅವನ ಮಾತನ್ನು ನಂಬದಿರಲು ನನ್ನ ಹತ್ತಿರ ಕಾರಣವೇ ಇರಲಿಲ್ಲ. ಚಕ್ರದ ಕೆಳಗೆ ಸಿಕ್ಕ ಕಲ್ಲು ಎಷ್ಟು ದಪ್ಪ ಎಂದು ಪಾದದಲ್ಲೇ ಹೇಳುವವನು ಅವನು ಎಂದು ಅವನ ಜೊತೆಗಾರರೇ ಹೇಳುತ್ತಿದ್ದರು. ಅಂಥವನು ತಪ್ಪು ನನ್ನದು ಅಂದರೆ ನನ್ನದೇ. ಒಂದು ವಾರ ಕ್ಲಚ್ ತಿದ್ದಿಕೊಂಡೆ, ಇನ್ನೊಂದು ವಾರ ಬ್ರೇಕ್ ತಿದ್ದಿಕೊಂಡೆ. ಕಾರು ಮಾತ್ರ ತೂಗುತ್ತಲೇ ಇತ್ತು.

ಚಳಿಗಾಲ ಮುಗಿಯುವ ಹೊತ್ತಿನ ಒಂದು ಭಾನುವಾರ ಮಾಗಡಿ ರಸ್ತೆಯಲ್ಲಿ ತಿರುವೊಂದಕ್ಕೆ ಬರುತ್ತಿದ್ದೆವು. ಎಡಗಡೆ ಬೇಲಿಯಿಂದ ಮೇಕೆಗಳು ಒಂದರ ಹಿಂದೊಂದು ರಸ್ತೆಗೆ ಇಳಿದವು. ನಾನು ಬ್ರೇಕ್ ಒತ್ತಿದೆ. ಕಾರಿನ ಮುಂಭಾಗ ಕುಕ್ಕರಿಸಿತು, ಹಿಂಭಾಗ ಹಗುರಾಗಿ ಎದ್ದು ಪಕ್ಕಕ್ಕೆ ಜಾರಿತು. ಕೈಯಲ್ಲಿದ್ದ ಸ್ಟೇರಿಂಗಿಗೂ ಕೆಳಗಿದ್ದ ಚಕ್ರಕ್ಕೂ ನಂಟೇ ಇಲ್ಲವೆನ್ನುವ ಹಾಗೆ ಒಂದು ಗಳಿಗೆ ತೇಲಿದೆವು. ಆ ಗಳಿಗೆ ಎಷ್ಟು ಉದ್ದವಿತ್ತೆಂದರೆ ಒಂದು ಕರಿ ಮೇಕೆ ತಲೆಯೆತ್ತಿ ನನ್ನನ್ನೇ ನೋಡಿದ್ದು ಈಗಲೂ ಕಣ್ಣಿಗೆ ಕಟ್ಟಿದೆ. ಆಮೇಲೆ ಎಡಗಡೆಯ ಚಕ್ರಗಳು ಡಾಂಬರಿನಿಂದ ಇಳಿದು, ರಸ್ತೆ ಬದಿಗೆ ಸುರಿದಿದ್ದ ಮರಳಿನ ಗುಡ್ಡೆಗೆ ಕಾರು ಒರಗಿ ನಿಂತಿತು.

ಯಾರಿಗೂ ಏನೂ ಆಗಲಿಲ್ಲ. ಮೇಕೆಗಳಿಗೂ ಆಗಲಿಲ್ಲ. ಅವ್ವ ಕಣ್ಣುಜ್ಜಿಕೊಂಡು, "ಮಾಗಡಿ ಬಂದ್ಬುಡ್ತಾ?" ಅಂದಳು.

ಅಪ್ಪ ಮಾತ್ರ ನನ್ನ ಕಡೆ ತಿರುಗಿ ನೋಡದೆ, "ಸಾಕು. ಗಾಡಿ ಓಡ್ಸೋದು ಬುಟ್ಬುಡು ನೀನು. ನಿನ್ ಕೈಲಿ ಆಗಕಿಲ್ಲ" ಎಂದ. ದಾರಿಹೋಕರು ಕಾರನ್ನು ಮರಳಿನಿಂದ ತಳ್ಳಿಕೊಟ್ಟರು. ವಾಪಸು ಬರುವಾಗ ಅವನು ಯಾವ ಸ್ಟಾಪಿನ ಕಥೆಯನ್ನೂ ಹೇಳಲಿಲ್ಲ.

ಎರಡು ಭಾನುವಾರ ಕಾರು ಅಪ್ಪನ ಮನೆ ಮುಂದೆ ನಿಂತೇ ಇತ್ತು. ಲೇತ್ ಮುಂದೆ ಕೂತರೆ ಮೇಕೆಯ ಕಣ್ಣು, ಅಪ್ಪನ ಮಾತು. ಮೂರನೆಯ ಭಾನುವಾರ ಧೂಳು ನೋಡಲಾರದೆ ಬಕೆಟ್ ನೀರು ತಂದು ತೊಳೆಯತೊಡಗಿದೆ. ಮುಂದಿನ ಚಕ್ರದ ಕೆಸರು ಉಜ್ಜುತ್ತಾ ಟಯರಿನ ಮೇಲೆ ಅಂಗೈ ಆಡಿಸಿದಾಗ ಕೈ ತಾನಾಗಿ ನಿಂತಿತು. ರಬ್ಬರು ಒಂದೇ ಸಮನಾಗಿ ಸವೆದಿರಲಿಲ್ಲ. ಗೇಣಿಗೊಂದು ಗುಳಿ, ನಡುವೆ ದಿಣ್ಣೆ, ಮತ್ತೆ ಗುಳಿ. ಅಲೆಯ ಹಾಗೆ. ಈ ಅಲೆ ನನಗೆ ಗೊತ್ತಿತ್ತು. ಉಳಿಯನ್ನು ಸಡಿಲವಾಗಿ ಹಿಡಿದರೆ ಅದು ತಿರುಗುವ ಮರದ ಮೇಲೆ ಕುಣಿದು ಕುಣಿದು ಇಂಥದ್ದೇ ಗುಳಿಗಳನ್ನು ಕೊರೆಯುತ್ತದೆ. ಕೆಲಸ ಕಲಿಯುವಾಗ ಎಷ್ಟು ಬೊಂಬೆಗಳನ್ನು ಹೀಗೆ ಕೆಡಿಸಿಲ್ಲ! ಹಾಗಾದರೆ ಈ ಚಕ್ರವೂ ರಸ್ತೆಯ ಮೇಲೆ ಉರುಳುತ್ತಿಲ್ಲ, ಕುಣಿಯುತ್ತಿದೆ. ಅದನ್ನು ಬಿಗಿಯಾಗಿ ಹಿಡಿಯಬೇಕಾದದ್ದು ಏನೋ ಒಳಗೆ ಸಡಿಲವಾಗಿದೆ. ಅದು ನನ್ನ ಕಾಲಲ್ಲ.

ಒದ್ದೆ ಕೈಯಲ್ಲೇ ಒಳಗೆ ಹೋಗಿ ಅಪ್ಪನಿಗೆ ಹೇಳಿದೆ, "ನಾಳೆ ಕೆಲಸಕ್ಕೆ ರಜ ಹಾಕ್ತೀನಿ. ರಾಮನಗರಕ್ಕೆ ಹೋಗಿ ಗಾಡಿ ತೋರಿಸ್ಕೊಂಡು ಬರಾಣ. ನೀನೂ ಬಾ."

"ಗಾಡೀಲಿ ಏನೂ ಇಲ್ಲ."

"ಇಲ್ದಿದ್ರೆ ಇಲ್ಲ ಅಂತ ಅವರೇ ಹೇಳ್ಲಿ."

ರಾಮನಗರದ ಆ ಗ್ಯಾರೇಜ್ ನೂಲು ತೆಗೆಯುವವರ ಬೀದಿಯ ತುದಿಯಲ್ಲಿದೆ. ಬೇಯುವ ರೇಷ್ಮೆಗೂಡಿನ ಭಾರವಾದ ವಾಸನೆ ಅಲ್ಲಿ ಗಾಳಿಯಲ್ಲೇ ನಿಂತಿರುತ್ತದೆ. ಮೆಕ್ಯಾನಿಕ್ ಬಿಳಿ ಗಡ್ಡದ ಭಾಯಿ. ಅವರ ಮನೆತನದವರೆಲ್ಲ ನೂಲು ತೆಗೆಯುವವರಂತೆ, ಇವರೊಬ್ಬರೇ ಸ್ಪಾನರ್ ಹಿಡಿದವರು. ನಾನು ಟಯರಿನ ವಿಷಯ ಹೇಳುತ್ತಿದ್ದಂತೆ ಅವರು ಕಾರಿನ ಮುಂದೆ ಬಂದು, ಎಡಮೂಲೆಯ ಮೇಲೆ ಎರಡೂ ಕೈಯೂರಿ ಮೈಭಾರ ಬಿಟ್ಟು ಒತ್ತಿ, ತಟ್ಟನೆ ಕೈ ತೆಗೆದರು. ಕಾರು ಎದ್ದಿತು, ಇಳಿಯಿತು, ಎದ್ದಿತು, ಇಳಿಯಿತು.

"ನೋಡಿ ಅಮ್ಮಾ. ಒಂದ್ಸಲ ಎದ್ದು ನಿಂತ್ಬುಡಬೇಕು ಇದು. ಇಲ್ಲಿ ಜೋಕಾಲಿ ಆಡ್ತೈತೆ." ನೆಲಕ್ಕೆ ಒರಗಿ ಚಕ್ರದ ಹಿಂದೆ ಬೆರಳು ಹಾಕಿ ತೆಗೆದರು. ಬೆರಳ ತುದಿಯಲ್ಲಿ ಧೂಳು ಮೆತ್ತಿದ ಎಣ್ಣೆ. "ಶಾಕಪ್ಸರ್ ಹೋಗಿದೆ. ಒಳಗಿನ ಎಣ್ಣೆಯೆಲ್ಲ ಹೊರಗೆ ಬಂದೈತೆ. ಸ್ಪ್ರಿಂಗ್ ಕುಣಿಯೋಕೆ ಹೋಗ್ತದೆ, ಶಾಕಪ್ಸರ್ ಅದನ್ನ ಹಿಡೀತದೆ. ಈಗ ಹಿಡಿಯೋರೇ ಇಲ್ಲ. ಮುಂದಿಂದು ಎರಡೂ ಖಲಾಸ್."

"ಬ್ರೇಕ್ ಹಾಕಿದ್ರೆ ಮುಂದಕ್ಕೆ ಮುಗ್ಗರಿಸೋದು?" ಕೇಳಿದೆ.

"ಅದಕ್ಕೇ. ಯಾರೇ ಓಡಿಸಲಿ, ಮುಗ್ಗರಿಸೇ ಮುಗ್ಗರಿಸ್ತದೆ. ಇಷ್ಟು ದಿನ ಇದನ್ನ ರಸ್ತೇಲಿ ಇಟ್ಕೊಂಡಿದ್ದೀರಲ್ಲ, ನಿಮ್ ಕೈ ಚೆನ್ನಾಗೈತೆ."

ನಾನು ಅಪ್ಪನ ಕಡೆ ನೋಡಲಿಲ್ಲ. ನೋಡಬೇಕೆಂದು ಎಷ್ಟು ಆಸೆಯಿತ್ತೋ ಅಷ್ಟೇ ಸಂಕಟವೂ ಆಯಿತು. ಭಾಯಿ ಅವನನ್ನೇ ದಿಟ್ಟಿಸುತ್ತಿದ್ದರು. "ಯಜಮಾನ್ರೇ, ನೀವು ಮಾಗಡಿ ಬಸ್ಸಿನ ಡ್ರೈವರ್ ಅಲ್ವಾ? ನಿಮ್ ಬಸ್ಸಲ್ಲಿ ಗೂಡಿನ ಮೂಟೆ ಹಾಕ್ಕೊಂಡು ಎಷ್ಟು ಸಲ ಬಂದಿದ್ದೀನಿ. ಗಾಡೀಲಿ ಏನಾದ್ರೂ ಒಸಿ ಸದ್ದು ಬಂದ್ರೆ ಸಾಕು, ಏನು ಕೆಟ್ಟೈತೆ ಅಂತ ಸೀಟಲ್ಲಿ ಕೂತೇ ಹೇಳ್ಬುಡ್ತಿದ್ರಿ!"

ಅಪ್ಪ ನಕ್ಕ ಹಾಗೆ ಮಾಡಿದ. ನಗು ಬಾಯಿಗೆ ಬರಲಿಲ್ಲ.

ಕೆಲಸ ಮಧ್ಯಾಹ್ನದವರೆಗೆ ನಡೆಯಿತು. ಭಾಯಿ ಕಾರನ್ನು ಜಾಕಿನಿಂದ ಎತ್ತಿ, ಅಡಿಗೆ ಭದ್ರವಾದ ಸ್ಟ್ಯಾಂಡ್ ಕೊಟ್ಟು, ಚಕ್ರ ಬಿಚ್ಚಿದರು. ಕೆಳಗಿನ ಎರಡು ಬೋಲ್ಟು ತುಕ್ಕು ಹಿಡಿದಿದ್ದವು. ಎಣ್ಣೆ ಬಿಟ್ಟು, ಕಾದು, ತಟ್ಟಿ, ಮತ್ತೆ ಕಾದು ಸಡಿಲಿಸಿದರು. ಮೇಲೆ ಬಾನೆಟ್ ಒಳಗಿನ ಮೂರು ನಟ್ಟು ತೆಗೆದ ಮೇಲೆ ಸ್ಪ್ರಿಂಗ್ ಸಮೇತ ಇಡೀ ಶಾಕಪ್ಸರ್ ಕೈಗೆ ಬಂತು. ಸ್ಪ್ರಿಂಗಿಗೆ ಎರಡು ಕಡೆ ಕೊಕ್ಕೆ ಹಾಕಿ ಬಿಗಿಯುವಾಗ ನಮ್ಮನ್ನು ದೂರ ನಿಲ್ಲಲು ಹೇಳಿದರು. ಅದು ಚಿಮ್ಮಿದರೆ ಮುಖ ಉಳಿಯುವುದಿಲ್ಲವಂತೆ. ಬೀದಿಯಲ್ಲಿ ನೂಲಿನ ಚಕ್ರಗಳ ಗುಂಯ್ ಎನ್ನುವ ಸದ್ದು ನಿಲ್ಲದೆ ಬರುತ್ತಿತ್ತು. ಆವಿ, ಬಿಸಿಲು, ಎಣ್ಣೆ, ಎಲ್ಲ ಸೇರಿ ನನಗೆ ತೂಕಡಿಕೆ ಹತ್ತಿತು. ಬೆಂಚಿನ ಮೇಲೆ ಅರ್ಧ ಕಣ್ಣು ಮುಚ್ಚಿ ಕೂತವಳಿಗೆ ಕಂಡದ್ದು ಅಪ್ಪ.

ಅವನು ಹಳೆಯ ಶಾಕಪ್ಸರನ್ನು ನೆಲಕ್ಕೂರಿ ಅದರ ಸರಳನ್ನು ಅಂಗೈಯಿಂದ ಒತ್ತಿದ. ಬೆಣ್ಣೆಯೊಳಗೆ ಇಳಿದಂತೆ ಸರಳು ಒಳಗೆ ಹೋಯಿತು, ಅಲ್ಲೇ ಉಳಿಯಿತು. ಆಮೇಲೆ ಹೊಸದನ್ನು ಒತ್ತಿದ. ಅದು ತಡೆಯಿತು. ಮೈಭಾರವೆಲ್ಲ ಹಾಕಿದ ಮೇಲೆ ನಿಧಾನವಾಗಿ ಇಳಿದು, ಕೈ ಬಿಟ್ಟಾಗ ಅಷ್ಟೇ ನಿಧಾನವಾಗಿ ಮೇಲೆದ್ದಿತು. ಅಪ್ಪ ಮತ್ತೆ ಒತ್ತಿದ. ಮತ್ತೆ. ಯಾರೂ ನೋಡುತ್ತಿಲ್ಲವೆಂದುಕೊಂಡು ಏಳೆಂಟು ಸಲ ಒತ್ತಿರಬೇಕು.

ಎರಡೂ ಕಡೆ ಹೊಸದು ಕೂರಿಸಿ, ಚಕ್ರಗಳನ್ನು ನೇರ ಮಾಡಿಸಿಕೊಂಡು ಹೊರಟೆವು. ಊರು ದಾಟಿ ಮೊದಲ ಉಬ್ಬು ಬಂತು. ಕಾರು ಏರಿತು, ಇಳಿಯಿತು, ಅಷ್ಟೇ. ಇಷ್ಟು ದಿನ ನೀರಿನ ಮೇಲಿದ್ದ ನನಗೆ ನೆಲ ಸಿಕ್ಕಿತ್ತು. ಬ್ರೇಕ್ ಒತ್ತಿ ನೋಡಿದೆ. ಸುಮ್ಮನೆ ನಿಂತಿತು.

"ಈಗ ಸರಿಯಾಯ್ತಲ್ವಾ ಅಪ್ಪಾ? ವ್ಯತ್ಯಾಸ ತಿಳೀತಾ?"

ಅವನು ಕಿಟಕಿಯಾಚೆಯೇ ನೋಡುತ್ತಿದ್ದ. ಆಮೇಲೆ, "ಒಸಿ ನಿಲ್ಸವ್ವ" ಅಂದ.

ಹೊಂಗೆಮರದ ನೆರಳಿನಲ್ಲಿ ನಿಲ್ಲಿಸಿದೆ. ಅಪ್ಪ ಬಾಗಿ ಚಪ್ಪಲಿ ಕಳಚಿದ. ಬರಿ ಪಾದಗಳನ್ನು ಕಾರಿನ ನೆಲದ ಮೇಲಿಟ್ಟು ಅವುಗಳನ್ನೇ ನೋಡುತ್ತಾ ಹೇಳಿದ, "ಏನೂ ತಿಳೀತಿಲ್ಲ ಕಣವ್ವ. ಸಕ್ಕರೆ ಕಾಯ್ಲೆ ಬಂದ ಮ್ಯಾಕೆ ಕಾಲು ಮರಗಟ್ಟೋಯ್ತು. ಗಾಡಿ ಓಡ್ತೈತೋ ನಿಂತೈತೋ ಕಿಟಕಿ ನೋಡಿ ತಿಳ್ಕಬೇಕು."

"ಕಣ್ಣು ಮಂಜು ಅಂದಿದ್ದೆ ನೀನು."

"ಕಣ್ಣು ಚೆನ್ನಾಗೇ ಐತೆ. ಒಂದಿನ ಅಕ್ಕೂರಿಂದ ಬತ್ತಾ ಇದ್ದೆ. ಬ್ರೇಕ್ ಅಂದ್ಕಂಡು ಒತ್ದೆ, ಗಾಡಿ ಮುಂದಕ್ಕೆ ನುಗ್ತು. ಕಾಲು ಯಾವುದರ ಮ್ಯಾಲೈತೆ ಅಂತ ಬಗ್ಗಿ ನೋಡ್ಬೇಕಾಯ್ತು. ಮೂವತ್ತು ಮಂದಿನ ಕೂರಿಸ್ಕಂಡು ಓಡಿಸ್ದೋನು ನಾನು. ಯಾರ್ಗಂತ ಹೇಳ್ಲಿ?" ಪಾದವನ್ನು ನೆಲಕ್ಕೆ ಉಜ್ಜುತ್ತಾ, "ಗಾಡಿ ಕುಣಿಯೋದು ಕಣ್ಣಿಗೆ ಕಾಣ್ತಿತ್ತು. ಯಾಕೆ ಅಂತ ಕಾಲು ಹೇಳ್ತಿರ್ಲಿಲ್ಲ. ನಿನ್ ಮ್ಯಾಲೆ ಹಾಕ್ಬುಟ್ಟೆ. ನಿಂದೇನೂ ತಪ್ಪಿಲ್ಲ ಮಗಾ" ಎಂದ.

ನನಗೆ ಕೋಪ ಬಂದಿದ್ದರೆ ಎಷ್ಟು ಸಲೀಸಾಗಿರುತ್ತಿತ್ತು. ಬಗ್ಗಿ ಅವನ ಪಾದ ಮುಟ್ಟಿದೆ. ತಣ್ಣಗಿತ್ತು. ಮುಟ್ಟಿದ್ದು ಅವನಿಗೆ ಗೊತ್ತಾಗಲಿಲ್ಲ. ನನ್ನ ಕೈಯನ್ನು ಕಂಡು ಗೊತ್ತಾಯಿತು. ಹೊಂಗೆಯ ಹೂವುಗಳು ಗಾಜಿನ ಮೇಲೆ ಒಂದೊಂದಾಗಿ ಉದುರುತ್ತಿದ್ದವು.

ಮರುದಿನವೇ ಡಾಕ್ಟರ ಹತ್ತಿರ ಕರೆದುಕೊಂಡು ಹೋದೆ. ಹೋದ ಸಂವೇದನೆ ಪೂರ್ತಿ ಮರಳುವುದು ಕಷ್ಟ, ಇರುವುದನ್ನು ಕಾಪಾಡಿಕೊಳ್ಳಬೇಕು ಎಂದು ಅವರು ಬಿಚ್ಚಿಯೇ ಹೇಳಿದರು. ಮಾತ್ರೆ ಬದಲಾಯಿತು, ಮೆತ್ತನೆ ಚಪ್ಪಲಿ ಬಂತು. ದಿನವೂ ಪಾದಗಳನ್ನು ನೋಡಿಕೊಳ್ಳಬೇಕು, ಗಾಯವಾದರೂ ನೋವೇ ಆಗುವುದಿಲ್ಲ ಅಂದರು.

ಭಾನುವಾರದ ತಿರುಗಾಟ ಮತ್ತೆ ಶುರುವಾಗಿದೆ. ಕಾರು ಈಗ ತೂಗುವುದಿಲ್ಲ. ನಿದ್ದೆ ಬರುವುದಿಲ್ಲವೆಂದು ಅವ್ವ ಒಂದು ತಿಂಗಳು ಗೊಣಗಿದಳು, "ಚೆನ್ನಾಗಿದ್ದ ಗಾಡೀನ ಕೆಡಿಸ್ಕಂಡು ಬಂದ್ರಿ" ಅಂತ. ಈಗ ಎಚ್ಚರವಿದ್ದು ಅಪ್ಪನ ಕಥೆಗಳಲ್ಲಿ ತಪ್ಪು ಹುಡುಕುತ್ತಾಳೆ. ಆ ಮರ ಅಲ್ಲಿರಲಿಲ್ಲ, ಈಚೆ ಇತ್ತು ಎಂದು ಇಬ್ಬರೂ ಕನಕಪುರದವರೆಗೂ ವಾದಿಸುತ್ತಾರೆ. ಅಪ್ಪ ನನ್ನ ಬ್ರೇಕಿನ ಬಗ್ಗೆ ಮಾತಾಡುವುದಿಲ್ಲ.

ಮೊನ್ನೆ ಬೆಳಿಗ್ಗೆ ಅವರ ಮನೆಗೆ ಹೋದಾಗ ಅಪ್ಪ ಜಗುಲಿಯ ಎಳೆಬಿಸಿಲಿನಲ್ಲಿ ಕಾಲು ಚಾಚಿ ಕೂತಿದ್ದ. ಅವ್ವ ಮೆಟ್ಟಿಲ ಮೇಲೆ ಕೂತು ಅವನ ಪಾದದಡಿ ಕೈಗನ್ನಡಿ ಹಿಡಿದಿದ್ದಳು. ದಿನವೂ ಹೀಗೇ ನೋಡುವಳಂತೆ. ಕನ್ನಡಿಯ ಬಿಸಿಲು ಅವನ ಗಲ್ಲದ ಮೇಲೆ ಓಡಾಡುತ್ತಿತ್ತು.

"ಅಳ್ಳಾಡ್ಬ್ಯಾಡಿ" ಎಂದು ಅವ್ವ ಹಿಮ್ಮಡಿಯ ಹತ್ತಿರ ಉಗುರು ಹಾಕಿ, ಒಂದು ಸಣ್ಣ ಮುಳ್ಳು ಕಿತ್ತು ಅವನ ಅಂಗೈ ಮೇಲಿಟ್ಟಳು. ಅಪ್ಪ ಅದನ್ನು ಬೆಳಕಿಗೆ ಹಿಡಿದು, "ಜಾಲಿ ಮುಳ್ಳು" ಅಂದ. "ಯಾವಾಗ ಚುಚ್ಕಂಡ್ತೋ."

"ಇನ್ನೊಂದ್ ಕಾಲು ಕೊಡಿ" ಅಂದಳು ಅವ್ವ.